ಏನ್ ಮಾಡ್ದಂಗಾಗ್ತೈತೆ?

ಆ ಬೆಳಿಗ್ಗೆ ಆಸ್ಪತ್ರೆಯ ಬೆಂಚಿನ ಮೇಲೆ ಕೂತು ನಾನು ಏನು ಹೇಳಿದೆ ಎಂಬುದು ನನಗೆ ಖಚಿತವಾಗಿ ಗೊತ್ತಿಲ್ಲ. ಗೊತ್ತಿದೆ ಎಂದು ಐದು ವರ್ಷ ನಂಬಿದ್ದೆ. ತರಗತಿಯಲ್ಲಿ ಹೇಳಿದ್ದೇನೆ, ಎರಡು ವಿಚಾರ ಸಂಕಿರಣಗಳಲ್ಲಿ ಹೇಳಿದ್ದೇನೆ, ಮನೆಗೆ ಬಂದ ನೆಂಟರಿಗೆ ಅವರ ಕಾಫಿ ಆರಿಹೋಗುವವರೆಗೂ ಹೇಳಿದ್ದೇನೆ. ಕಥೆ ಹೀಗೆ: ಎದೆಯಲ್ಲಿ ಏನಾಗುತ್ತಿದೆ ಎಂದು ಸಿಸ್ಟರ್ ಕೇಳಿದರು. ಅಟ್ಟದ ಮೇಲೆ ವರ್ಷಗಟ್ಟಲೆ ಒಣಗಿದ ಕಾಯಿಯನ್ನು ಅಲ್ಲಾಡಿಸಿದರೆ ಒಳಗೆ ಕೊಬ್ಬರಿ ಚಿಪ್ಪು ಬಿಟ್ಟುಕೊಂಡು ಲೊಟಗುಟ್ಟುತ್ತದಲ್ಲ, ಹಾಗೆ ಆಗುತ್ತಿದೆ ಎಂದೆ. ಅವರು ಅದನ್ನೇ ಚೀಟಿಯಲ್ಲಿ ಬರೆದರು, ಡಾಕ್ಟರು ಓದಿದರು, ನಾನು ಉಳಿದೆ.

ಅರಸೀಕೆರೆ ಕಡೆ ಹುಟ್ಟಿ ಬೆಳೆದವನ ಬಾಯಲ್ಲಿ ಕೊಬ್ಬರಿ ಬರುವುದು ಸಹಜವೇ ಎಂದು ಕೇಳಿದವರೆಲ್ಲ ತಲೆದೂಗಿದ್ದಾರೆ. ನನ್ನ ಅನುಮಾನ ಶುರುವಾದದ್ದು ಅಲ್ಲೇ. ಬೆವರು ಸುರಿಯುತ್ತ ಕೂತ ಮನುಷ್ಯನಿಗೆ ಅಷ್ಟು ಅಚ್ಚುಕಟ್ಟಾದ ಮಾತು ಯಾಕೆ ಹೊಳೆಯಬೇಕು? ನನ್ನ ಹೆಂಡತಿಯಂತೂ ಮೊದಲಿನಿಂದಲೂ ನಂಬಿದವಳಲ್ಲ. "ಜ್ವರ ಬಂದ್ರೆ ನೀರು ಬೇಕು ಅಂತ ಕೇಳೋಕೂ ನಿಮಗೆ ಬಾಯಿ ಬರಲ್ಲ. ಅವತ್ತು ಮಾತ್ರ ಉಪಮೆ ಬಂತಾ?" ಎನ್ನುತ್ತಾಳೆ.

ಹಾಗಾಗಿ ಸಿಸ್ಟರ್ ಬಗ್ಗೆ ಬರೆಯುವಾಗ ನನ್ನ ಕಥೆಯಿಂದ ಶುರು ಮಾಡುವುದು ಬೇಡ. ಅನುಮಾನವಿಲ್ಲದ ಸಂಗತಿಗಳಿಂದ ಶುರು ಮಾಡುತ್ತೇನೆ. ಅಥವಾ ಕಡಿಮೆ ಅನುಮಾನವಿರುವವುಗಳಿಂದ.

ನಾನು ಬೇಲೂರಿನ ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದೆ, ಮನೆ ಹಳೇಬೀಡಿನಲ್ಲಿತ್ತು. ವಿಶ್ವವಿದ್ಯಾಲಯದಲ್ಲಿ ಭಾಷಾಶಾಸ್ತ್ರ ಓದಿದ್ದೆ. ಬಿಡುವಿನಲ್ಲಿ ಇಂಗ್ಲಿಷ್ ಕಾದಂಬರಿಗಳನ್ನು ಕನ್ನಡಕ್ಕೆ ತರುತ್ತಿದ್ದೆ. ಸಿಸ್ಟರ್ ಹತ್ತಿರದ ಸರ್ಕಾರಿ ಆಸ್ಪತ್ರೆಯೊಂದರಲ್ಲಿ ನರ್ಸ್. ಗೆಂಡೆಹಳ್ಳಿ ಕಡೆಯ ರಾಗಿ ಬೆಳೆಯುವ ಮನೆಯವರು. ಎತ್ತರದ ಆಳು, ಕೂದಲನ್ನು ಎಣ್ಣೆ ಹಚ್ಚಿ ಬಿಗಿಯಾಗಿ ಎಳೆದು ಕಟ್ಟುತ್ತಿದ್ದರು, ಬರೆಯುವಾಗ ನಾಲಿಗೆಯ ತುದಿಯನ್ನು ಒಂದು ಕಡೆಗೆ ಕಚ್ಚಿಕೊಳ್ಳುತ್ತಿದ್ದರು. ಡಾಕ್ಟರ ಕೋಣೆಯ ಹೊರಗೆ ಒಂದು ಮೇಜು. ಬಂದವರಿಗೆಲ್ಲ ಅಲ್ಲಿ ಚೀಟಿ. ಮೂಲೆಯಲ್ಲಿ ಸರದಿ ಸಂಖ್ಯೆ, ಆಮೇಲೆ ಹೆಸರು, ವಯಸ್ಸು, ಊರು. ಇಷ್ಟು ಬರೆದರೆ ಅವರ ಕೆಲಸ ಮುಗಿಯಿತು. ಆದರೆ ಅವರು ಇನ್ನೊಂದು ಸಾಲು ಬರೆಯುತ್ತಿದ್ದರು: ಬಂದವರಿಗೆ ಏನಾಗುತ್ತಿದೆ ಎಂದು, ಬಂದವರ ಮಾತಿನಲ್ಲೇ. ಯಾರೂ ಅದನ್ನು ಬರೆಯಿರಿ ಎಂದು ಹೇಳಿರಲಿಲ್ಲ.

ನಾನು ಮೊದಲ ಸಲ ಹೋದದ್ದು ಕೆಮ್ಮಿಗೆ. ನನ್ನ ಮುಂದೆ ಮಾದಿಹಳ್ಳಿಯ ಒಬ್ಬ ರೈತ ನಿಂತಿದ್ದ.

"ಏನಾಗ್ತೈತೆ?" ಸಿಸ್ಟರ್ ಕೇಳಿದರು.

"ಒಂಥರಾ ಆಗ್ತೈತೆ ಕಣಕ್ಕ."

"ಒಂಥರಾ ನಂಗೂ ಆಗ್ತೈತೆ, ಬೆಳಗಿಂದ ಕುಂತು ಕುಂತು. ನಿಂಗೆ ಏನ್ ಮಾಡ್ದಂಗಾಗ್ತೈತೆ, ಅದನ್ನ ಹೇಳು."

ರೈತ ಛಾವಣಿ ನೋಡಿದ. ಹಿಂದಿನಿಂದ ಯಾರೋ "ಬೇಗ ಒದರ್ಲಾ, ನಮ್ಗೂ ಬಸ್ಸೈತೆ" ಎಂದರು. ಸಿಸ್ಟರ್ ಪೆನ್ನು ಎತ್ತಿ ಹಿಂದಿನವರನ್ನು ಸುಮ್ಮನಾಗಿಸಿದರು. ರೈತ ನಿಧಾನವಾಗಿ ಹೇಳಿದ: "ನಾಟಿ ಮಾಡೋವಾಗ ಕೆಸರಲ್ಲಿ ಕಾಲು ಹೂತ್ಕತದಲ್ಲ, ಕಿತ್ತರೆ ಬರಲ್ಲ. ಸೊಂಟದ ತಾವ ಹಂಗೆ. ಏಳಬೇಕು ಅಂದ್ರೆ ಯಾರೋ ಒಳಗಿಂದ ಹಿಡ್ಕಂಡಂಗೆ."

"ಈಗ ಹೇಳ್ದೆ ನೋಡು," ಎಂದು ಸಿಸ್ಟರ್ ನಾಲಿಗೆ ಕಚ್ಚಿಕೊಂಡು ಬರೆದರು.

ಒಂಥರಾ ಎಂಬ ಪದವನ್ನು ಅವರು ಚೀಟಿಗೆ ಇಳಿಸುತ್ತಿರಲಿಲ್ಲ. ಅದೊಂದು ನಿಯಮ. ಇನ್ನೊಂದು ನಿಯಮ, ತಾವಾಗಿ ಯಾವ ಪದವನ್ನೂ ಕೊಡುತ್ತಿರಲಿಲ್ಲ. ಉರಿಯುತ್ತದಾ, ಚುಚ್ಚುತ್ತದಾ ಎಂದು ಕೇಳುವುದೇ ಇಲ್ಲ. ಮೂರನೆಯದು, ಸರದಿ. ಪಂಚಾಯಿತಿ ಅಧ್ಯಕ್ಷರ ಭಾವಮೈದ ಬಂದರೂ ಸರಿ, ಹದಿನೇಳು ಅಂದರೆ ಹದಿನೇಳು. ಸ್ವಂತ ಅಕ್ಕನನ್ನೇ ಒಂದು ಗಂಟೆ ಕೂರಿಸಿ, ಅಕ್ಕ ಮುನಿಸಿಕೊಂಡು ಎದ್ದುಹೋದದ್ದು ನನಗೆ ಗೊತ್ತು. ಇದನ್ನು ಹೇಳಿದ್ದು ಅಕ್ಕನೇ, ಆದ್ದರಿಂದ ಗಂಟೆ ಸ್ವಲ್ಪ ಕಡಿಮೆಯೇ ಇದ್ದೀತು.

ಪದ ಕೊಡಬಾರದು ಎಂಬ ನಿಯಮ ಒಂದು ತಪ್ಪಿನಿಂದ ಹುಟ್ಟಿದ್ದು. ಅದನ್ನು ಅವರೇ ನನಗೆ ಹೇಳಿದರು, ಪರಿಚಯ ಬೆಳೆದು ಮನೆಗೆ ಬಂದುಹೋಗುವಂತಾದ ಮೇಲೆ, ನಮ್ಮ ಜಗಲಿಯಲ್ಲಿ ಕೂತು ಹುರಿಗಾಳು ತಿನ್ನುತ್ತ. ಕೆಲಸಕ್ಕೆ ಸೇರಿದ ಹೊಸತರಲ್ಲಿ ಒಬ್ಬ ಅಜ್ಜಿ ಬಂದಿತ್ತಂತೆ.

"ನಾನು ಉರೀತದಾ ಅಜ್ಜಿ ಅಂದೆ. ಹೂಂ ಕಣವ್ವ ಉರೀತದೆ ಅಂತು. ಚುಚ್ತದಾ ಅಂದೆ. ಹೂಂ ಚುಚ್ತದೆ. ಊಟ ಮಾಡಿದ್ಮೇಲಾ? ಹೂಂ, ಊಟ ಮಾಡಿದ್ಮೇಲೆ. ನಾನು ಎಲ್ಲಾನೂ ಬರ್ಕೊಂಡು, ಅಬ್ಬಾ ಎಷ್ಟು ಚೆನ್ನಾಗಿ ಹೇಳ್ತೈತೆ ಅಜ್ಜಿ ಅನ್ಕೊಂಡೆ. ಎರಡು ತಿಂಗಳು ಹೊಟ್ಟೆ ಉರಿ ಮಾತ್ರೆ ನುಂಗ್ತು. ಆಮೇಲೆ ನೋಡಿದ್ರೆ ಪಿತ್ತಕೋಶದಲ್ಲಿ ಕಲ್ಲು. ಯಾಕಜ್ಜಿ ಉರೀತದೆ ಅಂದೆ ಅಂತ ಕೇಳಿದ್ದಕ್ಕೆ ಏನಂತು ಗೊತ್ತಾ? 'ನೀನು ಅಷ್ಟು ಪ್ರೀತಿಯಿಂದ ಕೇಳ್ತಿದ್ದೆ, ಇಲ್ಲ ಅಂತ ಹೆಂಗ್ ಅನ್ನಾದವ್ವ?' ಅಂತು."

ಇದನ್ನು ಹೇಳಿ ಸಿಸ್ಟರ್ ನಕ್ಕರು. ನಮ್ಮ ಕಡೆ ಇದು ನಿಜ. ಕುರ್ಚಿಯ ಮೇಲೆ ಕೂತವರು ಏನು ಕೇಳಿದರೂ ಬೆಂಚಿನ ಮೇಲೆ ಕೂತವರು ಹೂಂ ಎನ್ನುತ್ತಾರೆ. ಅದು ಸುಳ್ಳಲ್ಲ, ಮರ್ಯಾದೆ. ನಾನು ಸಂಶೋಧನೆಗೆಂದು ಹಳ್ಳಿಗಳಿಗೆ ಪ್ರಶ್ನಾವಳಿ ಹಿಡಿದುಕೊಂಡು ಹೋಗಿದ್ದೆ, ನೂರಾರು ಹೂಂಗಳನ್ನು ಕೋಷ್ಟಕದಲ್ಲಿ ತುಂಬಿದ್ದೆ, ಅದರ ಮೇಲೆ ಪದವಿ ಪಡೆದಿದ್ದೆ. ಆ ಸಂಜೆ ಹುರಿಗಾಳಿನ ತಟ್ಟೆಯನ್ನು ಸಿಸ್ಟರ್ ಕಡೆಗೇ ಸರಿಸಿದೆ.

ಆಗ ನಾನು ಅನುವಾದಿಸುತ್ತಿದ್ದದ್ದು ಚಳಿ ಊರಿನ ಒಬ್ಬ ವಿಧವೆಯ ಕಥೆ. ಗಂಡ ತೀರಿಹೋಗಿ ವರ್ಷವಾದರೂ ಅವಳ ಹೆಗಲಲ್ಲಿ ಒಂದು ನೋವು. ಜೋರಿನದಲ್ಲ, ಚುಚ್ಚುವುದಲ್ಲ, ಹೋಗುವುದೂ ಇಲ್ಲ. ಇಂಗ್ಲಿಷಿನಲ್ಲಿ ಅದಕ್ಕೆ ಎರಡೇ ಪದ. ನಾನು 'ಮಂದವಾದ ನೋವು' ಎಂದು ಬರೆದು, ಕನ್ನಡದಲ್ಲಿ ಇಂಥದ್ದಕ್ಕೆ ಪದವಿಲ್ಲ ಎಂದು ಮುನ್ನುಡಿಯಲ್ಲಿ ಅರ್ಧ ಪುಟ ಕೊರೆದಿದ್ದೆ. ಕನ್ನಡದಲ್ಲಿ ಏನೇನು ಇಲ್ಲ ಎಂಬುದು ಆಗ ನನ್ನ ಇಷ್ಟದ ವಿಷಯ. ಇಲ್ಲದ್ದನ್ನು ಪಟ್ಟಿ ಮಾಡುವುದರಲ್ಲಿ ಒಂದು ಸುಖವಿದೆ. ಅದರಲ್ಲಿ ಹುಡುಕುವ ಶ್ರಮವಿಲ್ಲ.

ಸಿಸ್ಟರ್‌ಗೆ ಓದಿ ತೋರಿಸಿದೆ.

"ಮಂದವಾದ ನೋವು ಅಂತ ಯಾರು ಬಂದು ಹೇಳಿದ್ರು ಮೇಷ್ಟ್ರೇ ನಿಮಗೆ?"

"ಯಾರೂ ಹೇಳಲ್ಲ. ಪದ ಇಲ್ಲವಲ್ಲ, ಅದಕ್ಕೆ."

"ನೋವು ಐತೋ ಇಲ್ವೋ?"

"ನೋವು ಇದೆ."

"ನೋವು ಐತೆ ಅಂದ್ಮೇಲೆ ಯಾರೋ ಒಬ್ರು ಅದನ್ನ ಯಾರ ಹತ್ರನೋ ಹೇಳ್ಕೊಂಡಿರ್ತಾರೆ ತಾನೆ?"

"ಹಾಗಾದರೆ ನೀವೇ ಹೇಳಿ, ಏನಂತಾರೆ?"

"ನಾನು ಹೇಳಲ್ಲ. ನಾನು ಹೇಳಿದ್ರೆ ನೀವೂ ಅಜ್ಜಿ ಥರ ಹೂಂ ಅಂತೀರ. ಬನ್ನಿ, ಮೂರು ಸೋಮವಾರ ಬಂದು ಬೆಂಚಿನ ಮೇಲೆ ಕೂತ್ಕೊಳಿ. ಕೆಮ್ಮಬೇಡಿ, ಜನ ದೂರ ಕೂತ್ಕೋತಾರೆ."

ಹೋದೆ. ಮೂರು ಸೋಮವಾರವೋ ನಾಲ್ಕೋ. ಒಬ್ಬಳ ಮಂಡಿಯಲ್ಲಿ ಕಾಳು ಹಾಕದೆ ಬೀಸುವ ಕಲ್ಲು ತಿರುಗುತ್ತಿತ್ತು. ಇನ್ನೊಬ್ಬನ ಮೀನಖಂಡವನ್ನು ಯಾರೋ ನಾರಿನ ಹುರಿಯಂತೆ ಹೊಸೆಯುತ್ತಿದ್ದರು. ಹಾಲೂಡಿಸುವ ತಾಯಿಯೊಬ್ಬಳು ತನ್ನ ಎದೆ ಕರುವಿಗೆ ಬಿಡದ ಹಸುವಿನ ಕೆಚ್ಚಲಿನ ಹಾಗೆ ಬಿಗಿದುಕೊಂಡಿದೆ ಎಂದಳು, ನಾಚಿಕೊಳ್ಳದೆ. ಎಲ್ಲರೂ ಮೊದಲು ಒಂಥರಾ ಎಂದವರೇ. ಸಿಸ್ಟರ್ "ಏನ್ ಮಾಡ್ದಂಗಾಗ್ತೈತೆ?" ಎಂದು ಕೇಳಿ ಪೆನ್ನು ಹಿಡಿದು ಕಾಯುತ್ತಿದ್ದರು. ಆ ಪ್ರಶ್ನೆಯ ಗುಟ್ಟು ಅಷ್ಟೇ. ನೋವಿನ ಹೆಸರು ಕೇಳಿದರೆ ಜನ ತಡವರಿಸುತ್ತಾರೆ, ಕೆಲಸ ಕೇಳಿದರೆ ತಮಗೆ ಗೊತ್ತಿರುವ ಕೆಲಸಗಳಲ್ಲಿ ಒಂದನ್ನು ಎತ್ತಿ ಕೊಡುತ್ತಾರೆ.

ಕೊನೆಯ ಸೋಮವಾರ ಒಬ್ಬ ಮುದುಕಿ ಹೆಗಲು ಹಿಡಿದುಕೊಂಡು ಬಂದಳು. ಕೇಳಿದ್ದಕ್ಕೆ, "ನೋವು ಅಂತೇನಿಲ್ಲ ಕಣವ್ವ. ಒಲೆ ಆರಿದ ಮ್ಯಾಲೂ ಕಲ್ಲು ಬಿಸಿ ಇರ್ತದಲ್ಲ, ಹಂಗೈತೆ" ಎಂದಳು. ಸಿಸ್ಟರ್ ನನ್ನ ಕಡೆ ತಿರುಗಿಯೂ ನೋಡಲಿಲ್ಲ. ನೋಡಬೇಕಾಗಿರಲಿಲ್ಲ.

ಮನೆಗೆ ಬಂದು ಅದನ್ನು ಹಾಗೇ ಕಾದಂಬರಿಗೆ ಇಳಿಸಲು ಹೋದೆ. ಆಗಲಿಲ್ಲ. ಆ ಚಳಿ ಊರಿನಲ್ಲಿ ಕಲ್ಲಿನ ಒಲೆ ಇಲ್ಲ. ಒಲೆ ಬಂದರೆ ಅದರ ಹಿಂದೆ ಅಡುಗೆಮನೆ ಬರುತ್ತದೆ, ಹೊಗೆಹಿಡಿದ ಗೋಡೆ ಬರುತ್ತದೆ, ವಿಧವೆ ಗೆಂಡೆಹಳ್ಳಿಯವಳಾಗಿಬಿಡುತ್ತಾಳೆ. ವಾರವಿಡೀ ಒದ್ದಾಡಿದೆ. ಕೊನೆಗೆ ಮುದುಕಿಯ ಮಾತಿನಿಂದ ಒಲೆಯನ್ನು ಬಿಟ್ಟು, ಕಲ್ಲನ್ನು ಬಿಟ್ಟು, ಒಂದೇ ಒಂದು ಕ್ರಿಯಾಪದವನ್ನು ತೆಗೆದುಕೊಂಡೆ. 'ಅವಳ ಹೆಗಲಿನ ನೋವು ಇನ್ನೂ ಆರಿರಲಿಲ್ಲ' ಎಂದು ಬರೆದೆ. ನಾನು ನಾಮಪದಕ್ಕೆ ಜೋತುಬಿದ್ದು ಹುಡುಕುತ್ತಿದ್ದೆ. ಬೇಕಾದ ಮಾತು ಬೇರೆ ಕಡೆ, ಬೆಂಕಿ ಆರುವ, ಗಾಯ ಆರುವ ಕಡೆ ಸುಮ್ಮನೆ ಕೂತಿತ್ತು. ಮುನ್ನುಡಿಯ ಅರ್ಧ ಪುಟವನ್ನು ಹೊಡೆದುಹಾಕಿದೆ. ಪುಸ್ತಕ ಬಂತು. ಯಾರೂ ಆ ಸಾಲನ್ನು ಗಮನಿಸಲಿಲ್ಲ. ಇವತ್ತಿಗೂ ಅದನ್ನು ನೆನೆಸಿಕೊಂಡರೆ ನನಗೆ ಖುಷಿಯಾಗುತ್ತದೆ.

ಸಿಸ್ಟರ್ ಸಂತರೇನೂ ಅಲ್ಲ. ಸಿಟ್ಟು ಬೇಗ. ಎಲ್ಲರಿಗೂ ಅಡ್ಡಹೆಸರಿಡುತ್ತಿದ್ದರು, ನನ್ನನ್ನು ಹಿಂದಿನಿಂದ 'ಡೌಟು ಮೇಷ್ಟ್ರು' ಎನ್ನುತ್ತಿದ್ದರು ಎಂದು ಆಮೇಲೆ ತಿಳಿಯಿತು. ಅವರ ಒಂದು ಸಾಲಿನ ಹಟದಿಂದ ಜನರ ಸಾಲು ಬಾಗಿಲಾಚೆಗೂ ಬೆಳೆಯುತ್ತಿತ್ತು. ಡಾಕ್ಟರು ಬೆಂಗಳೂರಿನಲ್ಲಿ ಓದಿದ ಯುವಕ, ಮನೆಮಾತು ಬೇರೆ. ಶುರುವಿನಲ್ಲಿ "ಸಿಸ್ಟರ್, ನಾನು ಕಾದಂಬರಿ ಓದೋಕೆ ಬಂದಿಲ್ಲ" ಎಂದು ಗೊಣಗುತ್ತಿದ್ದರು. ವರ್ಷ ಕಳೆಯುವಷ್ಟರಲ್ಲಿ ಆ ಸಾಲಿಲ್ಲದ ಚೀಟಿ ಬಂದರೆ "ಇದರಲ್ಲಿ ಏನೂ ಇಲ್ವಲ್ಲ?" ಎಂದು ವಾಪಸು ಕಳಿಸುತ್ತಿದ್ದರು.

ಆ ಸೋಮವಾರಗಳು ಮುಗಿದ ಮೇಲೂ ಬಿಡುವಿದ್ದಾಗ ಬೆಂಚಿಗೆ ಹೋಗಿ ಕೂರುತ್ತಿದ್ದೆ. ಒಂದು ಸಲ ನನ್ನದೇ ವಿದ್ಯಾರ್ಥಿಯೊಬ್ಬ ಬಂದ.

"ಟೆನ್ಶನ್ ಆಂಟಿ. ಜೊತೆಗೆ ಗ್ಯಾಸ್ಟ್ರಿಕ್ಕು."

"ಅದು ಅಂಗಡಿಯಲ್ಲಿ ಸಿಗೋ ಹೆಸರು. ನಿಂಗೆ ಏನ್ ಮಾಡ್ದಂಗಾಗ್ತೈತೆ?"

"ಫುಲ್ ಒಂಥರಾ."

"ಫುಲ್ಲೂ ಬೇಡ, ಹಾಫೂ ಬೇಡ. ಯೋಚ್ನೆ ಮಾಡಿ ಹೇಳು."

ಹುಡುಗ ತಲೆ ಕೆರೆದುಕೊಂಡ. "ಮೊಬೈಲಲ್ಲಿ ಎರಡೇ ಪರ್ಸೆಂಟ್ ಚಾರ್ಜ್ ಇರುತ್ತಲ್ಲ ಆಂಟಿ. ಆನ್ ಇರುತ್ತೆ. ಆದ್ರೆ ಏನ್ ಒತ್ತಿದ್ರೂ ಆಫ್ ಆಗುತ್ತೆ ಅಂತ ಭಯ."

ಹಳೆಯ ಕೆಲಸಗಳು ಹೋದವು, ಅವುಗಳ ಜೊತೆ ಮಾತೂ ಹೋಯಿತು ಎಂದು ಸಿಸ್ಟರ್ ಮರುಗುತ್ತಾರೆ ಎಂದುಕೊಂಡಿದ್ದೆ. ನಾನಾದರೆ ಮರುಗುತ್ತಿದ್ದೆ, ಬಹುಶಃ ಲೇಖನವನ್ನೂ ಬರೆಯುತ್ತಿದ್ದೆ. ಅವರು "ಭೇಷ್" ಎಂದು ಅದನ್ನೇ ಬರೆದುಕೊಂಡರು. ಪರ್ಸೆಂಟ್ ಎಂಬುದನ್ನು ಹೇಗೆ ಬರೆಯುವುದು ಎಂದು ಮಾತ್ರ ನನ್ನನ್ನು ಕೇಳಿದರು.

ಇನ್ನೊಂದು ದಿನದ್ದು ಇದಕ್ಕೆ ತದ್ವಿರುದ್ಧ. ಹೊಸದಾಗಿ ಮದುವೆಯಾದಂತಿದ್ದ ಹುಡುಗಿ, ಜೊತೆಯಲ್ಲಿ ಅತ್ತೆ. ಏನಾಗ್ತೈತೆ ಎಂದರೆ "ಒಂಥರಾ" ಎಂದಳು. ನಾನು ಮುಂದಿನ ಪ್ರಶ್ನೆಗೆ ಕಾದೆ. ಸಿಸ್ಟರ್ ಕೇಳಲಿಲ್ಲ. ಪೆನ್ನು ಮುಚ್ಚಿ, ಎದ್ದು, ಅತ್ತೆಯನ್ನು ಬೆಂಚಿನ ಮೇಲೆ ಕೂರಿಸಿ, ಹುಡುಗಿಯನ್ನು ಪರದೆಯ ಹಿಂದಕ್ಕೆ ಕರೆದುಕೊಂಡು ಹೋದರು. ಆ ಚೀಟಿಯಲ್ಲಿ 'ನನಗೆ ಹೇಳಿದ್ದಾಳೆ' ಎಂದಷ್ಟೇ ಬರೆದರು. ಆಮೇಲೆ ನಾನು, ನಿಮ್ಮ ನಿಯಮ ಎಲ್ಲಿ ಹೋಯಿತು ಎಂದು ಕೆಣಕಿದೆ.

"ಎಲ್ಲಾ ಒಂಥರಾನೂ ಒಂದೇನಾ ಮೇಷ್ಟ್ರೇ? ಕೆಲವ್ರು ಯೋಚ್ನೆ ಮಾಡ್ದೆ ಅಂತಾರೆ. ಕೆಲವ್ರು ಯೋಚ್ನೆ ಮಾಡಿ ಮಾಡಿ ಅಂತಾರೆ. ಯಾರು ಅಂತ ನೋಡಬೇಕು."

ಆಗ ಅದು ನನಗೆ ಜಾರಿಕೊಳ್ಳುವ ಉತ್ತರವೆನಿಸಿತ್ತು.

ಇನ್ನು ಆ ಬೆಳಿಗ್ಗೆ. ಬೇಲೂರಿನ ಬಸ್ಸಿಗೆಂದು ಹಳೇಬೀಡಿನ ನಿಲ್ದಾಣಕ್ಕೆ ಬಂದಿದ್ದೆ. ಎಡತೋಳು ಭಾರವಾಯಿತು. ಬಸ್ಸು ಬಂತು, ಹತ್ತಲಿಲ್ಲ. ಆಟೋದವನಿಗೆ ಆಸ್ಪತ್ರೆ ಎಂದೆ. ಬೆಂಚು ತುಂಬಿತ್ತು, ಯಾರೋ ಸರಿದು ಜಾಗ ಮಾಡಿಕೊಟ್ಟರು. ಸಿಸ್ಟರ್ ಮುಖ ನನ್ನ ಹತ್ತಿರ ಬಂತು. ಇಷ್ಟು ನಿಜ. ಆಮೇಲೆ ನಾನು ಕೊಬ್ಬರಿಯ ಮಾತು ಹೇಳಿದೆ, ಅಥವಾ ಹೇಳಲಿಲ್ಲ. ಇಸಿಜಿ ತೆಗೆದರು, ನಾಲಿಗೆಯ ಕೆಳಗೆ ಮಾತ್ರೆ ಇಟ್ಟರು, ಆಂಬುಲೆನ್ಸ್‌ನಲ್ಲಿ ಹಾಸನಕ್ಕೆ ಕಳಿಸಿದರು. ಅರ್ಧ ಗಂಟೆ ತಡವಾಗಿದ್ದರೆ ಕಷ್ಟವಿತ್ತು ಎಂದು ಅಲ್ಲಿನ ಡಾಕ್ಟರು ನನ್ನ ಹೆಂಡತಿಗೆ ಹೇಳಿದರಂತೆ. ಹೃದಯದ ರಕ್ತನಾಳಕ್ಕೆ ಸ್ಟೆಂಟ್ ಹಾಕಿಸಿಕೊಂಡು, ಹತ್ತು ದಿನ ಮಂಚದ ಮೇಲೆ ಮಲಗಿ ಛಾವಣಿ ನೋಡಿದೆ. ನನ್ನ ತಲೆಯಲ್ಲಿ ಕೊಬ್ಬರಿ ಚಿಪ್ಪು ಬಿಟ್ಟುಕೊಂಡದ್ದು ಆ ಹತ್ತು ದಿನಗಳಲ್ಲೇ ಇರಬಹುದು.

ಅಂದರೆ ನನಗೆ ಬೇಕಾದದ್ದು ಇಷ್ಟು: ಆ ಅರ್ಧ ಗಂಟೆಯನ್ನು ನನಗೆ ಕೊಟ್ಟವರು ಯಾರು? ನನ್ನ ಮಾತೇ? ಹಾಗಾದರೆ ಅಷ್ಟು ವರ್ಷ ಓದಿದ್ದು, ಬರೆದದ್ದು, ಬೆಂಚಿನ ಮೇಲೆ ಕೂತು ಕಲಿತದ್ದು ಒಂದು ಸಲವಾದರೂ ಜೀವಕ್ಕೆ ಒದಗಿತು ಎನ್ನಬಹುದು. ಅಲ್ಲ ಎಂದಾದರೆ ಐದು ವರ್ಷಗಳಿಂದ ನಾನು ಬೇರೆಯವರ ಪುಣ್ಯವನ್ನು ನನ್ನ ಹೆಸರಿಗೆ ಹೇಳಿಕೊಂಡು ತಿರುಗುತ್ತಿದ್ದೇನೆ.

ಹೋದ ತಿಂಗಳು ಸಿಸ್ಟರ್ ನಿವೃತ್ತರಾದರು. ಆಸ್ಪತ್ರೆಯ ವರಾಂಡದಲ್ಲೇ ಸಣ್ಣ ಸಮಾರಂಭ. ಹಾರ, ಶಾಲು, ಉಪ್ಪಿಟ್ಟು, ಕೇಸರಿಬಾತು. ನನ್ನನ್ನೂ ಮಾತನಾಡಲು ಕರೆದರು. ನಾನು ಕೊಬ್ಬರಿ ಕಥೆಯನ್ನೇ ಹೇಳಿದೆ. ಎಲ್ಲರೂ ಚಪ್ಪಾಳೆ ತಟ್ಟಿದರು. ಸಿಸ್ಟರ್ ತಲೆ ತಗ್ಗಿಸಿ, ನಾಲಿಗೆಯ ತುದಿಯನ್ನು ಒಂದು ಕಡೆಗೆ ಕಚ್ಚಿಕೊಂಡು ಕೂತಿದ್ದರು. ಅವರು ಏನನ್ನೂ ಬರೆಯುತ್ತಿರಲಿಲ್ಲ.

ಉಪ್ಪಿಟ್ಟಿನ ತಟ್ಟೆ ಹಿಡಿದು ಹತ್ತಿರ ಹೋಗಿ ಕೇಳಿದೆ. "ಸಿಸ್ಟರ್, ಅವತ್ತು ನಾನು ಹಾಗೇ ಅಂದಿದ್ದೆ, ಅಲ್ವಾ?"

"ಚೆನ್ನಾಗೈತೆ ಬಿಡಿ ಮೇಷ್ಟ್ರೇ."

"ಚೆನ್ನಾಗಿದೆಯಾ ಅಂತ ಕೇಳಲಿಲ್ಲ. ಅಂದಿದ್ದೆನಾ ಅಂತ ಕೇಳಿದೆ."

"ದಿನಕ್ಕೆ ಅಷ್ಟೊಂದು ಜನ ಬತ್ತಿದ್ರು, ನಂಗೇನು ಜ್ಞಾಪಕ? ನೀವು ಇಷ್ಟು ಪ್ರೀತಿಯಿಂದ ಕೇಳ್ತಿದ್ದೀರ. ಹೂಂ ಅನ್ಲಾ?"

ಹೀಗೆಂದು ನಕ್ಕು, ಕೇಸರಿಬಾತು ಇನ್ನೊಂದು ಚಮಚ ಹಾಕಿಸಿಕೊಳ್ಳಲು ಹೋದರು. ಮರುದಿನ ತಮ್ಮ ಊರಿಗೆ ಹೊರಟುಹೋದರು. ಅಲ್ಲಿ ಅಕ್ಕ ಇದ್ದಾರೆ, ಮುನಿಸು ಮುಗಿದಿದೆ, ಎರಡು ಹಸು ಇವೆ. ಫೋನ್ ಮಾಡಿದರೆ ಹಸುಗಳ ಬಗ್ಗೆಯೇ ಹೇಳುತ್ತಾರೆ.

ಅವರು ಹೋದ ಮೇಲೆ ಈ ಬರಹಕ್ಕೆ ಕೂತಾಗ ಹೆಂಡತಿಯನ್ನು ಹಾಸನದ ಫೈಲು ಎಲ್ಲಿದೆ ಎಂದು ಕೇಳಿದೆ. ಬೀರುವಿನಲ್ಲಿ, ಅವಳ ಮದುವೆ ಸೀರೆಯ ಕೆಳಗಿತ್ತು. ಇಸಿಜಿಯ ಉದ್ದನೆಯ ಕಾಗದ ಮಾಸಿಹೋಗಿ ಗೆರೆಗಳೇ ಕಾಣುತ್ತಿರಲಿಲ್ಲ. ಅದರ ಹಿಂದೆ ನಮ್ಮ ಡಾಕ್ಟರು ಹಾಸನಕ್ಕೆ ಬರೆದ ಪತ್ರ. ಪತ್ರದ ಹಿಂದೆ, ತುಕ್ಕು ಹಿಡಿದ ಪಿನ್ನಿಗೆ ಸಿಕ್ಕಿಸಿದ, ಅವತ್ತಿನ ಚೀಟಿ. ಐದು ವರ್ಷ ಅದು ಇಲ್ಲೇ ಇತ್ತು. ನಾನು ನೋಡಲು ಹೋಗಿರಲಿಲ್ಲ.

ಕೊಬ್ಬರಿ ಇಲ್ಲ. ಅಟ್ಟವೂ ಇಲ್ಲ. ಸಿಸ್ಟರ್ ಕೈಬರಹದಲ್ಲಿ, ಪೆನ್ನು ಒತ್ತಿ ಬರೆದದ್ದು ಇಷ್ಟು: 'ಒಂಥರಾ ಅನ್ನುತ್ತಾರೆ. ಮೂರು ಸಲ ಕೇಳಿದೆ, ಮೂರು ಸಲವೂ ಅದೇ. ಇವರು ಮಾತಿಗೆ ತಡವರಿಸುವವರಲ್ಲ.'

ಹೆಂಡತಿ ನನ್ನ ಹೆಗಲ ಮೇಲಿಂದ ಬಗ್ಗಿ ಓದಿದಳು. ಗೆದ್ದೆ ಎಂದು ಹೇಳಲಿಲ್ಲ. ಚೀಟಿಯ ಮೂಲೆಗೆ ಬೆರಳು ತೋರಿಸಿದಳು. ಅಲ್ಲಿ ನನ್ನ ಸರದಿ ಸಂಖ್ಯೆ ಇಪ್ಪತ್ತಮೂರು ಎಂದಿತ್ತು. ಅದಕ್ಕೆ ಅಡ್ಡಗೆರೆ ಎಳೆದು, ಪಕ್ಕದಲ್ಲಿ, ಅದೇ ಪೆನ್ನಿನಲ್ಲಿ, ಒಂದು ಎಂದು ಬರೆದಿದ್ದರು.